ಗಾಂಧಿನಗರದ ಕ್ಯಾಮೆರಾ ಬಾಡಿಗೆ ಅಂಗಡಿ: ಒಂದ್ಸಲ ಕೀ ಕೊಟ್ರೆ 28 ಸೆಕೆಂಡ್

ಹೊಟ್ಟೆಪಾಡಿಗೆ ಮದುವೆ ವಿಡಿಯೋ ಮಾಡ್ತೀನಿ, ಮಿಕ್ಕ ಟೈಮಲ್ಲಿ ಕಥೆ ಇಲ್ದಿರೋ ಸಿನಿಮಾ. ಹೋದ ಜನವರೀಲಿ ಗುಜರಾತಿನ ಉಪ್ಪಿನ ಬಯಲು ಕಛ್‌ನ ರಣ್‌ಗೆ ಹೋಗಿ 16 ಎಂಎಂ ಫಿಲ್ಮಲ್ಲೇ ಶೂಟ್ ಮಾಡ್ಬೇಕು ಅಂತ ಹುಚ್ಚು ಹತ್ತಿ ಬೆಂಗ್ಳೂರೆಲ್ಲ ಬೋಲೆಕ್ಸ್ (ಕೀ ಕೊಟ್ಟು ಓಡ್ಸೋ ಹಳೇ ಫಿಲ್ಮ್ ಕ್ಯಾಮೆರಾ) ಹುಡುಕಿದೆ, ಎಲ್ಲ ಕಡೆ 'ಡಿಜಿಟಲ್ ತಗೊಳಿ ಸಾರ್, ಫಿಲ್ಮ್ ಲುಕ್ ಆಮೇಲೆ ಹಾಕ್ಕೊಬಹುದು' ಅನ್ನೋ ಒಂದೇ ರಾಗ. ಕೊನೆಗೆ ಸಿಕ್ಕಿದ್ದು ಗಾಂಧಿನಗರದ ಹಳೇ ಬಿಲ್ಡಿಂಗು, ಎರಡನೇ ಫ್ಲೋರು, ಲಿಫ್ಟ್ ಇಲ್ಲ. ಹೆಸರು ಹಾಕ್ಬೇಡ ಅಂದಿದಾರೆ ಅಂಗಡಿ ಅಂಕಲ್, ಹಾಕಲ್ಲ.

ಅವರು ಮೊದ್ಲು ಡೆಪಾಸಿಟ್ ಕೇಳ್ಲಿಲ್ಲ, ಎಲ್ಲಿಗೆ ತಗೊಂಡೋಗ್ತೀಯಾ ಅಂತ ಕೇಳಿದ್ರು. ನಾನು ಅಮೆರಿಕದ ಸಿನಿಮಾ ನಿರ್ದೇಶಕ ಜೇಮ್ಸ್ ಬೆನ್ನಿಂಗ್ ಪುರಾಣ ಶುರು ಮಾಡ್ದೆ, ಅಮೆರಿಕದ ಮರುಭೂಮಿ, ಯೂಟಾದ ಉಪ್ಪಿನ ಕೆರೆ, 2004ರಲ್ಲಿ 13 ಕೆರೆಗಳ ಮುಂದೆ ಕ್ಯಾಮೆರಾ ಇಟ್ಟು ಒಂದಿಷ್ಟೂ ಅಲ್ಲಾಡಿಸ್ದೆ ಒಂದೊಂದು ಶಾಟ್ 10 ನಿಮಿಷ ತೆಗ್ದಿದಾರೆ, ನಂಗೂ ಅಂಥದ್ದೇ ಬೇಕು ಅಂತ. ಅಂಕಲ್ ಪೂರ್ತಿ ಕೇಳಿ ಹೇಳಿದ್ರು, 'ಇದು ಕೀ ಕೊಟ್ರೆ 28 ಸೆಕೆಂಡ್ ಓಡತ್ತೆ ಕಣಪ್ಪ, ನೂರಡಿ ರೋಲ್ ಪೂರ್ತಿ ಓಡಿದ್ರೂ ಎರಡೂ ಮುಕ್ಕಾಲು ನಿಮಿಷ. ಹತ್ತು ನಿಮಿಷ ಬೇಕಂದ್ರೆ 400 ಅಡಿ ಫಿಲ್ಮ್ ಹಿಡಿಯೋ ಡಬ್ಬಿ ಅಂದ್ರೆ ಮ್ಯಾಗಜಿನ್ನು, ಮೋಟಾರು, ಬ್ಯಾಟರಿ, ಹೊರೋಕೆ ಇನ್ನೊಬ್ಬ.' ಬೆನ್ನಿಂಗೇ 2009ರಲ್ಲಿ ಡಿಜಿಟಲ್‌ಗೆ ಹೋದ್ರು ಅನ್ನೋದನ್ನ ನಾನು ಬಾಯ್ಬಿಡ್ಲಿಲ್ಲ.

ಬಾಡಿಗೆ ದಿನಕ್ಕೆ 900. ಕೊಡೋಕ್ ಮುಂಚೆ ನನ್ನೆದುರೇ ಬಿಚ್ಚಿ ಗಟ್ಟಿಯಾಗಿದ್ದ ಗ್ರೀಸ್ ಒರೆಸಿ ಹೊಸದು ಹಾಕಿದ್ರು, ಎರಡು ಗಂಟೆ ಹಿಡೀತು, ಅದಕ್ಕೆ ದುಡ್ಡಿಲ್ಲ. ಎರಡು ಮಾತು ಹೇಳಿ ಕಳ್ಸಿದ್ರು: ಬಿಳೀ ಉಪ್ಪು ನೋಡಿ ಬೆಳಕು ಅಳೆಯೋ ಮೀಟರ್ ಮೋಸ ಹೋಗತ್ತೆ, ಅದು ಹೇಳಿದ್ದಕ್ಕಿಂತ ಒಂದೂವರೆ ಸ್ಟಾಪ್ (ಒಂದು ಸ್ಟಾಪ್ ಅಂದ್ರೆ ಬೆಳಕು ಎರಡರಷ್ಟು) ಜಾಸ್ತಿ ಬಿಡು, ಇಲ್ದಿದ್ರೆ ಉಪ್ಪೆಲ್ಲ ಬೂದಿ ಬಣ್ಣ. ಇನ್ನೊಂದು, ಟ್ರೈಪಾಡ್ ಕಾಲಡಿಗೆ ಪ್ಲೈವುಡ್ ತುಂಡು ಇಡು. ಮೇಲೆ ಗಟ್ಟಿ ಕಾಣತ್ತೆ, ಮಳೆಗಾಲದಲ್ಲಿ ನಿಂತ ನೀರು ಚಳಿಗಾಲದಲ್ಲೂ ಕೆಳಗೆ ಕೆಸರಾಗಿ ಇರತ್ತಂತೆ. ಧೋಲಾವೀರಾ ಹತ್ರ ನನ್ ಕಾಲು ಮೊಣಕಾಲವರೆಗೂ ಹೋಯ್ತು, ಟ್ರೈಪಾಡ್ ಹೋಗ್ಲಿಲ್ಲ.

ಆದ್ರೆ ಅಂಗಡಿಯವ್ರು ಕೊಟ್ಟ ಅದೇ ಟ್ರೈಪಾಡ್ ಬಗ್ಗೆ ಸಿಟ್ಟಿದೆ. ಒಂದು ಕಾಲಿನ ಲಾಕ್ ಲೂಸು, ಗಾಳಿಗೆ ನಡುಗಿ ಎರಡು ರೋಲ್ ದಂಡ, ಈ ರಿವ್ಯೂಲಿ ಒಂದು ಸ್ಟಾರ್ ಅದಕ್ಕೇ ಕಟ್. ಹನ್ನೊಂದಕ್ಕೆ ಬಾ ಅಂದ್ರೆ ಅವರು ಬರೋದು ಹನ್ನೆರಡೂವರೆಗೆ, ಬಿಲ್ ಕೊಡಲ್ಲ, ಡೆವಲಪಿಂಗೂ ಇಲ್ಲ, ಫಿಲ್ಮ್ ನಾನು ಬಾತ್‌ರೂಮಲ್ಲೇ ತೊಳ್ಕೊಂಡೆ, ಮನೇಲಿ ಎರಡು ದಿನ ಬೈಗುಳ.

28 ಸೆಕೆಂಡ್ ವಿಷ್ಯ ಮಾತ್ರ ಅಲ್ಲಿ ಹೋದ್ಮೇಲೆ ಅರ್ಥ ಆಯ್ತು. ದೂರದಲ್ಲಿ ಬಿಸಿಲ್ಗುದುರೆ, ಅದರೊಳಗೆ ಒಂದು ಲಾರಿ ತೇಲ್ಕೊಂಡು ಬರ್ತಿದೆ, ಹತ್ರ ಬರೋಷ್ಟ್ರಲ್ಲಿ ಕೀ ಮುಗ್ದು ಟಕ್ ಅಂತ ನಿಲ್ಲತ್ತೆ. ಮತ್ತೆ ಕೀ ಕೊಡೋಷ್ಟ್ರಲ್ಲಿ ಲಾರಿ ಇಲ್ಲ. ಸಿನಿಮಾ ಪೂರ್ತಿ ಹಂಗೇ ಆಯ್ತು, ಒಂದು ಲಾರಿನೂ ಬಂದು ಮುಟ್ಟಲ್ಲ.

ವಾಪಸ್ ಕೊಡೋವಾಗ ಅಂಕಲ್ ಮುಚ್ಚಳ ತೆಗ್ದು ಟೇಬಲ್ ಮೇಲೆ ತಟ್ಟಿದ್ರು, ನಾಲ್ಕು ಕಾಳು ಉದುರ್ತು, ಬೆರಳಲ್ಲಿ ಒತ್ತಿ ನಾಲಿಗೆಗೆ ಇಟ್ಕೊಂಡ್ರು. 'ಉಪ್ಪೇ' ಅಂದು ಡೆಪಾಸಿಟಲ್ಲಿ 300 ಹಿಡ್ಕೊಂಡ್ರು.