ಧಾರವಾಡದ ಹಳೇ ಪುಸ್ತಕದ ಅಂಗಡಿ: ಮಿಷನರಿ ಚರಿತ್ರೆಯ ಎರಡು ಕಪಾಟುಗಳು

ಧಾರವಾಡದ ಸುಭಾಸ ರಸ್ತೆಯಿಂದ ಒಳಗೆ ಹೊರಳುವ ಓಣಿಯೊಂದರಲ್ಲಿ, ಪಾತ್ರೆ ಅಂಗಡಿಯ ಮೇಲಿನ ಮಾಳಿಗೆಯಲ್ಲಿ, ಫಲಕವಿಲ್ಲದ ಒಂದು ಹಳೇ ಪುಸ್ತಕದ ಅಂಗಡಿ ಇದೆ. ಮುಂದಿನ ಕೋಣೆಯಲ್ಲಿ ಪಿಯುಸಿ ಗೈಡುಗಳು, ಸ್ಪರ್ಧಾತ್ಮಕ ಪರೀಕ್ಷೆಯ ಪುಸ್ತಕಗಳು, ಹಳೆಯ ದೀಪಾವಳಿ ವಿಶೇಷಾಂಕಗಳು ತುಂಬಿಕೊಂಡಿವೆ. ಅಂಗಡಿಯ ಹೊಟ್ಟೆಪಾಡು ನಡೆಯುವುದು ಅವುಗಳಿಂದಲೇ. ಒಳಕೋಣೆಯ ಎರಡು ತೇಗದ ಕಪಾಟುಗಳಲ್ಲಿ ಮಾತ್ರ ಮಿಷನರಿಗಳ ಚರಿತ್ರೆಗೆ, ವಿಶೇಷವಾಗಿ ಕಥೋಲಿಕ ಮಿಷನರಿಗಳು ಈ ನಾಡಿನ ಭಾಷೆ ಮತ್ತು ಆಚಾರಗಳಿಗೆ ಮುಖಾಮುಖಿಯಾದ ಚರಿತ್ರೆಗೆ ಸಂಬಂಧಿಸಿದ ಪುಸ್ತಕಗಳಿವೆ. ಈ ಬರಹ ಆ ಎರಡು ಕಪಾಟುಗಳ ಕುರಿತು, ಮತ್ತು ಅದೇ ಅಂಗಡಿಯವರು ನಡೆಸುವ ಝೆರಾಕ್ಸ್ ಹಾಗೂ ಬೈಂಡಿಂಗ್ ಕೆಲಸದ ಕುರಿತು. ನಾನು ಹಾನಗಲ್ಲಿನಲ್ಲಿ ಪ್ರೌಢಶಾಲೆಯ ಮಕ್ಕಳಿಗೆ ಇತಿಹಾಸ ಕಲಿಸುತ್ತೇನೆ. ಯುರೋಪಿಯನ್ನರ ಆಗಮನದ ಪಾಠದಲ್ಲಿ ಪೋರ್ಚುಗೀಸರ ಹಡಗು ಮತ್ತು ಮೆಣಸಿನ ವ್ಯಾಪಾರ ಮುಗಿದ ಮೇಲೆ, ಆ ಹಡಗುಗಳಲ್ಲೇ ಬಂದ ಪಾದ್ರಿಗಳು ಇಲ್ಲಿ ಏನು ಮಾಡಿದರು ಎಂದು ಒಬ್ಬ ಹುಡುಗಿ ಕೇಳಿದ ಪ್ರಶ್ನೆಗೆ ಸರಿಯಾದ ಉತ್ತರ ನನ್ನಲ್ಲಿ ಇರಲಿಲ್ಲ. ಆ ಉತ್ತರ ಹುಡುಕಿಕೊಂಡು ಕಳೆದ ಆರು ತಿಂಗಳಲ್ಲಿ ನಾಲ್ಕು ಸಲ ಈ ಮಾಳಿಗೆಯನ್ನು ಹತ್ತಿದ್ದೇನೆ.

ಬೇರೆ ಅಂಗಡಿಗಳಲ್ಲಿ ಇಂಥ ಪುಸ್ತಕಗಳು ‘ಕ್ರೈಸ್ತ ಧರ್ಮ’ ಎಂಬ ಚೀಟಿಯ ಕೆಳಗೆ, ಸುವಾರ್ತೆಯ ಕರಪತ್ರಗಳ ಜೊತೆ, ಒಂದು ಮೂಲೆಯಲ್ಲಿ ಬಿದ್ದಿರುತ್ತವೆ. ಇಲ್ಲಿ ಅವುಗಳನ್ನು ಭಾಷೆಯ ಪ್ರಕಾರ ಜೋಡಿಸಲಾಗಿದೆ. ತಮಿಳಿನ ಸಾಲಿನಲ್ಲಿ ರಾಬರ್ಟೊ ಡಿ ನೊಬಿಲಿ ಮತ್ತು ಬೆಸ್ಕಿ ಎಂಬ ಪಾದ್ರಿಗಳ ಕುರಿತ ಪುಸ್ತಕಗಳು, ಮರಾಠಿ ಮತ್ತು ಕೊಂಕಣಿಯ ಸಾಲಿನಲ್ಲಿ ಗೋವೆಯಲ್ಲಿದ್ದ ಪಾದ್ರಿ ಥಾಮಸ್ ಸ್ಟೀಫನ್ಸ್, ಕನ್ನಡದ ಸಾಲಿನಲ್ಲಿ ಕೇಶಿರಾಜನ ‘ಶಬ್ದಮಣಿದರ್ಪಣ’ದ ಪಕ್ಕಕ್ಕೆ ಕಿಟೆಲ್ಲರ ನಿಘಂಟು, ಅದರ ಪಕ್ಕಕ್ಕೆ ಶ್ರೀರಂಗಪಟ್ಟಣದ ಜೆಸ್ವಿಟರ (ಯೇಸುಸಭೆ ಎಂಬ ಕಥೋಲಿಕ ಸಂಘದ ಪಾದ್ರಿಗಳ) ಕುರಿತ ಒಂದು ತೆಳ್ಳನೆಯ ಪುಸ್ತಿಕೆ. ಇದು ಯಾಕೆ ಹೀಗೆ ಎಂದು ಮೊದಲ ಸಲ ಕೇಳಿದಾಗ ಅಂಗಡಿಯ ಹಿರಿಯರು ಹೇಳಿದ ಮಾತನ್ನು ಅವರ ನುಡಿಯಲ್ಲೇ ಬರೆಯುತ್ತೇನೆ: “ಅಕ್ಕೋರ, ಇವರೆಲ್ಲ ನಮ್ಮ ಭಾಷಾ ಕಲಿಯಾಕ ಕುಂತವರು. ಕಲಿಯಾಕ ಯಾರ ಮಗ್ಗಲದಾಗ ಕುಂತಿದ್ರೋ, ಅವರ ಮಗ್ಗಲದಾಗ ಇಟ್ಟೀನ್ರಿ.” ಈ ಒಂದು ಜೋಡಣೆಯೇ ಈ ಅಂಗಡಿಯ ನಿಜವಾದ ಬೆಲೆ ಎಂಬುದು ನನ್ನ ಅಭಿಪ್ರಾಯ. ಮಿಷನರಿ ಚರಿತ್ರೆಯನ್ನು ಮತಾಂತರದ ಲೆಕ್ಕವಾಗಿ ಮಾತ್ರ ಓದುವವರಿಗೆ, ಅದನ್ನು ಹೊಗಳಿಕೆಯ ಕಥೆಯಾಗಿ ಮಾತ್ರ ಓದುವವರಿಗೆ, ಇಬ್ಬರಿಗೂ ಈ ಕಪಾಟು ಅದೇ ಮನುಷ್ಯರನ್ನು ಶಬ್ದಗಳೊಂದಿಗೆ ಹೆಣಗುತ್ತಿರುವ ವಿದ್ಯಾರ್ಥಿಗಳಾಗಿ ತೋರಿಸುತ್ತದೆ.

ಡಿ ನೊಬಿಲಿಯನ್ನೇ ನೋಡಬಹುದು. ಇಟಲಿಯ ಶ್ರೀಮಂತ ಮನೆತನದಲ್ಲಿ ಹುಟ್ಟಿದ ಈತ 1606ರಲ್ಲಿ ಮಧುರೆಗೆ ಬಂದು, ಪೋರ್ಚುಗೀಸರ ಸಹವಾಸದಿಂದ ದೂರ ಸರಿದು, ಕಾವಿ ಉಟ್ಟು, ಮಾಂಸ ಮತ್ತು ಮದ್ಯ ಬಿಟ್ಟು, ಸಂನ್ಯಾಸಿಯಂತೆ ಬಾಳುತ್ತ ತಮಿಳು, ತೆಲುಗು ಮತ್ತು ಸಂಸ್ಕೃತವನ್ನು ಕಲಿತರು. ದೇವರಿಗೆ ಅವರು ಆಯ್ದುಕೊಂಡ ಶಬ್ದ ‘ಸರ್ವೇಶ್ವರ’. ಕ್ರೈಸ್ತರಾದವರು ಉಳಿಸಿಕೊಂಡ ಜನಿವಾರ, ಶಿಖೆ, ಗಂಧ, ಸ್ನಾನ ಇವು ಲೋಕಾಚಾರವೋ ಇಲ್ಲವೇ ಬೇರೆ ದೇವರ ಆರಾಧನೆಯೋ ಎಂಬ ಪ್ರಶ್ನೆಯ ಮೇಲೆ ಅವರ ಸಂಗಡಿಗರೇ ದೂರು ಕೊಟ್ಟರು. 1623ರಲ್ಲಿ ಪೋಪ್ ಹದಿನೈದನೆಯ ಗ್ರೆಗರಿ ಕೆಲವು ಷರತ್ತುಗಳೊಡನೆ ಅವಕ್ಕೆ ಅನುಮತಿ ನೀಡಿದರು. ನೂರಿಪ್ಪತ್ತೊಂದು ವರ್ಷಗಳ ತರುವಾಯ, 1744ರಲ್ಲಿ, ಹದಿನಾಲ್ಕನೆಯ ಬೆನೆಡಿಕ್ಟ್ ಇಂಥ ಅನೇಕ ಆಚಾರಗಳ ಮೇಲೆ ಕಟ್ಟುನಿಟ್ಟಿನ ನಿರ್ಬಂಧ ಹೇರಿದರು. ಚೀನಾದಲ್ಲಿ ಮತ್ತೆಯೊ ರಿಚ್ಚಿ ಎಂಬ ಜೆಸ್ವಿಟ್ ಪಾದ್ರಿಯ ಅನುಯಾಯಿಗಳು ಪೂರ್ವಜರಿಗೆ ಸಲ್ಲಿಸುವ ಗೌರವದ ವಿಷಯದಲ್ಲಿ ಎದುರಿಸಿದ ವಿವಾದವೂ ಇದರ ಒಡಹುಟ್ಟೇ. ಅದಕ್ಕೆ ರೋಮ್ ಕೊಟ್ಟ ಕೊನೆಯ ನಿಷೇಧ 1742ರದು, ಅದನ್ನು ಸಡಿಲಿಸಿದ್ದು 1939ರಲ್ಲಿ. ಕೂಡಲಸಂಗಮ, ಕಾಗಿನೆಲೆಗಳ ನಡುವೆ ಬೆಳೆದ ನಮ್ಮಂಥವರಿಗೆ ಆಚಾರ ಯಾವುದು, ಅನುಭಾವ ಯಾವುದು ಎಂಬ ಜಗಳ ಹೊಸದಲ್ಲ. ಹಾಗಾಗಿ ಈ ಸಾಲಿನ ಪುಸ್ತಕಗಳನ್ನು ಓದುವಾಗ ಪರದೇಶದ ಕಥೆ ಓದುತ್ತಿದ್ದೇನೆ ಎಂದು ನನಗೆ ಅನಿಸಲಿಲ್ಲ.

ಡಿ ನೊಬಿಲಿಯ ಮಾದರಿಯನ್ನೇ ಹಿಡಿದು 17ನೇ ಶತಮಾನದ ಮಧ್ಯದಲ್ಲಿ ಶ್ರೀರಂಗಪಟ್ಟಣಕ್ಕೆ ಬಂದ ಲಿಯೊನಾರ್ಡೊ ಚಿನ್ನಾಮಿ ಕನ್ನಡ ಕಲಿತು ವ್ಯಾಕರಣ, ನಿಘಂಟು ಮತ್ತು ಧರ್ಮೋಪದೇಶದ ಪುಸ್ತಕಗಳನ್ನು ಬರೆದರು. ಕಿಟೆಲ್ಲರು ಪ್ರಾಟೆಸ್ಟಂಟರು, ಬಾಸೆಲ್ ಮಿಷನ್ನಿನವರು. 1853ರಲ್ಲಿ ಭಾರತಕ್ಕೆ ಬಂದರು, ಅವರ ನಿಘಂಟು ಅಚ್ಚಾದದ್ದು 1894ರಲ್ಲಿ. ಧಾರವಾಡದವರಿಗೆ ಮಿಷನರಿ ಎಂದೊಡನೆ ನೆನಪಾಗುವವರು ಕಿಟೆಲ್ಲರೇ. ಅವರಿಗಿಂತ ಇನ್ನೂರು ವರ್ಷ ಮುಂಚೆಯೇ ಒಬ್ಬ ಕಥೋಲಿಕ ಪಾದ್ರಿ ಕನ್ನಡಕ್ಕೆ ನಿಘಂಟು ಕಟ್ಟಲು ಕುಳಿತಿದ್ದರು ಎಂಬುದನ್ನು ನಾನು ಮೊದಲು ತಿಳಿದದ್ದು ಈ ಎರಡು ಪುಸ್ತಕಗಳು ಒಂದಕ್ಕೊಂದು ತಾಗಿ ನಿಂತಿದ್ದರಿಂದ.

ಇನ್ನು ಒಂದು ತಪ್ಪಿನ ಸಂಗತಿ. ಅಂಗಡಿಯವರು ಮುಖ್ಯ ಪುಸ್ತಕಗಳ ಎದುರಿಗೆ ರಟ್ಟಿನ ಚೀಟಿಯ ಮೇಲೆ ಎರಡು ಸಾಲು ಪರಿಚಯ ಬರೆದು ಇಡುತ್ತಾರೆ. ಇದು ಒಳ್ಳೆಯ ಪದ್ಧತಿ. ಆದರೆ ಕನ್ನಡದ ಪುಸ್ತಕಗಳ ಜೊತೆ ಇಟ್ಟಿದ್ದ, ಸ್ಟೀಫನ್ಸ್ ಬರೆದ ವ್ಯಾಕರಣದ ಎದುರಿನ ಚೀಟಿಯಲ್ಲಿ ‘ಕನ್ನಡದ ಮೊದಲ ವ್ಯಾಕರಣ, 1640’ ಎಂದು ನೀಲಿ ಶಾಯಿಯಲ್ಲಿ ಬರೆದಿತ್ತು. ಆ ಪುಸ್ತಕದ ಪೋರ್ಚುಗೀಸ್ ಹೆಸರಿನಲ್ಲಿ ‘ಕನಾರಿಂ’ ಎಂಬ ಶಬ್ದ ಇರುವುದರಿಂದ ಆದ ತಪ್ಪು ಇದು. ಪೋರ್ಚುಗೀಸರು ಗೋವೆಯ ಸ್ಥಳೀಯರನ್ನೂ ಅವರ ನುಡಿಯನ್ನೂ ಆ ಹೆಸರಿನಿಂದ ಕರೆಯುತ್ತಿದ್ದರು. ಪುಸ್ತಕ ವಿವರಿಸುವುದು ಕೊಂಕಣಿಯನ್ನು. ಸ್ಟೀಫನ್ಸ್ 1619ರಲ್ಲಿಯೇ ತೀರಿಕೊಂಡಿದ್ದರು, ಇಪ್ಪತ್ತೊಂದು ವರ್ಷಗಳ ಮೇಲೆ ಅದು ಗೋವೆಯ ರಾಯತೂರಿನಲ್ಲಿ ಅಚ್ಚಾಯಿತು. ಕನ್ನಡಕ್ಕಾದರೋ ಅದಕ್ಕೂ ಶತಮಾನಗಳ ಹಿಂದೆ ಕೇಶಿರಾಜ ಬರೆದಿಟ್ಟದ್ದು ಮೇಲಿನ ಸಾಲಿನಲ್ಲೇ ನಿಂತಿದೆ. ಭಾಷೆಯ ಪ್ರಕಾರ ಪುಸ್ತಕ ಜೋಡಿಸುವ ಅಂಗಡಿಯಲ್ಲಿ ಭಾಷೆಯ ಹೆಸರೇ ತಪ್ಪಿದರೆ ಕೊಳ್ಳುವವರು ಮನೆಗೆ ತಪ್ಪು ಚರಿತ್ರೆ ಒಯ್ಯುತ್ತಾರೆ. ನಾನು ಇದನ್ನು ಹೇಳಿದಾಗ ಅಂಗಡಿಯವರು ವಾದ ಮಾಡಲಿಲ್ಲ. ಪುಸ್ತಕ ತೆಗೆದು, ಒಂದು ಪುಟದಲ್ಲಿದ್ದ ಶಬ್ದಗಳನ್ನು ಗಟ್ಟಿಯಾಗಿ ಓದಿ, “ಹೌದ್ರಿ, ಇದು ಕಾರವಾರದ ಕಡೆ ಮಾತು” ಎಂದರು.

ಇದೇ ಸ್ಟೀಫನ್ಸ್ ಬರೆದ ‘ಕ್ರಿಸ್ತಪುರಾಣ’ದ ಪ್ರತಿ ನೋಡಲು ಸಿಕ್ಕದ್ದು ನನಗೆ ದೊಡ್ಡ ಲಾಭ. 1616ರಲ್ಲಿ ಮೊದಲು ಅಚ್ಚಾದ, ಹತ್ತು ಸಾವಿರಕ್ಕೂ ಹೆಚ್ಚು ಓವಿಗಳ (ಮರಾಠಿ ಪದ್ಯಗಳ) ಈ ಕಾವ್ಯವನ್ನು ಇಂಗ್ಲೆಂಡಿನಲ್ಲಿ ಹುಟ್ಟಿದ ಒಬ್ಬ ಪಾದ್ರಿ, ಜ್ಞಾನೇಶ್ವರರ ಕಾಲದಿಂದ ಬಂದ ಮರಾಠಿಯ ಛಂದಸ್ಸಿನಲ್ಲಿ ಬರೆದರು. ನಮ್ಮ ಹಳೆಯ ಪುರಾಣಗಳನ್ನು ಬಿಡಿಸಿದಿರಿ, ಅವುಗಳ ಜಾಗದಲ್ಲಿ ಓದಲು ಏನು ಕೊಡುತ್ತೀರಿ ಎಂದು ಒಬ್ಬ ಬ್ರಾಹ್ಮಣ ಕೇಳಿದ್ದಕ್ಕೆ ಉತ್ತರವಾಗಿ ಈ ಕಥೆ ತೊಡಗುತ್ತದೆ. ಆ ಪ್ರಶ್ನೆಯಲ್ಲಿರುವ ನೋವು ಮತ್ತು ಆ ಉತ್ತರದಲ್ಲಿರುವ ಪ್ರೀತಿ, ಎರಡೂ ನಿಜ. ಅಂಗಡಿಯವರು ಇದರ ಪಕ್ಕದಲ್ಲೇ ಗೋವೆಯ ಇಂಕ್ವಿಸಿಷನ್ (ಧರ್ಮ ತಪ್ಪಿದರೆಂಬ ಆರೋಪ ಹೊತ್ತವರನ್ನು ವಿಚಾರಿಸುತ್ತಿದ್ದ ಚರ್ಚಿನ ನ್ಯಾಯಪೀಠ) ಕುರಿತ ಪುಸ್ತಕಗಳನ್ನು ಇಟ್ಟಿರುವುದನ್ನು ನಾನು ಮೆಚ್ಚುತ್ತೇನೆ. 1560ರಲ್ಲಿ ಶುರುವಾಗಿ, ನಡುವೆ ಕೆಲವು ವರ್ಷ ನಿಂತು, 1812ರಲ್ಲಿ ಕೊನೆಗೊಂಡ ಆ ನ್ಯಾಯಪೀಠದ ಚರಿತ್ರೆಯನ್ನು ಬಿಟ್ಟು ಕಾವ್ಯವನ್ನು ಮಾತ್ರ ಓದುವುದು ಅರ್ಧ ಓದು. ಪುರಾಣ ಅಚ್ಚಾದ ನೆಲದಲ್ಲೇ 1684ರಲ್ಲಿ ಪೋರ್ಚುಗೀಸ್ ವೈಸರಾಯ್, ಜನ ಮೂರು ವರ್ಷದೊಳಗೆ ಕೊಂಕಣಿ ಬಿಟ್ಟು ಪೋರ್ಚುಗೀಸ್ ಆಡಬೇಕೆಂದು ಆಜ್ಞೆ ಹೊರಡಿಸಿದ. ಒಬ್ಬ ಪಾದ್ರಿ ವ್ಯಾಕರಣ ಬರೆದ ಭಾಷೆಯನ್ನು ಅವನದೇ ಧರ್ಮದ ಸರಕಾರ ನಿಲ್ಲಿಸಹೊರಟಿತು ಎಂಬುದನ್ನು ನನ್ನ ತರಗತಿಯ ಮಕ್ಕಳು ಎಷ್ಟು ಹೊತ್ತು ಚರ್ಚಿಸಿದರೆಂದರೆ, ಮುಂದಿನ ಪಾಠದ ಅವಧಿಯನ್ನೂ ಅದಕ್ಕೇ ಕೊಡಬೇಕಾಯಿತು.

ಎರಡನೆಯ ಕಪಾಟಿನ ಕೆಳಸಾಲಿನಲ್ಲಿ ಪುಸ್ತಕಗಳಿಗಿಂತ ಮನೆಗಳಿಂದ ಬಂದ ಕಾಗದಗಳೇ ಹೆಚ್ಚು. ಅಲ್ಲಿ ನಾನು ಕೊಂಡದ್ದು ಅಂಗೈಯಷ್ಟು ಅಗಲದ ಒಂದು ಕನ್ನಡ ಜಪದ ಪುಸ್ತಕ. ಬೆಲೆ 120 ರೂಪಾಯಿ. ರಟ್ಟಿನ ಮೂಲೆಗಳು ಸವೆದು ದುಂಡಗಾಗಿವೆ, ಜಪಸರದ ಪ್ರಾರ್ಥನೆಯ ಪುಟ ಎಣ್ಣೆ ಬೆರಳುಗಳಿಂದ ಪಾರದರ್ಶಕವಾಗಿದೆ, ಕೊನೆಯ ಖಾಲಿ ಹಾಳೆಯಲ್ಲಿ ಪೆನ್ಸಿಲ್ಲಿನಿಂದ ನಾಲ್ಕು ಮಕ್ಕಳು ಹುಟ್ಟಿದ ತಿಥಿ ಮತ್ತು ವಾರ ಬರೆದಿದೆ. ಒಳಗೆ ದೇವರನ್ನು ಕರೆದಿರುವುದು ಡಿ ನೊಬಿಲಿಯ ಅದೇ ‘ಸರ್ವೇಶ್ವರ’ ಶಬ್ದದಿಂದ. ಸಂತರ ಹೆಸರುಗಳು ರಾಯಪ್ಪ, ಚಿನ್ನಪ್ಪ, ಅರುಳಪ್ಪ. ಇವರು ಯಾರೆಂದು ನಾನು ತಡವರಿಸುತ್ತಿದ್ದಾಗ, ಅಲ್ಲೇ ಸ್ಟೂಲಿನ ಮೇಲೆ ಕುಳಿತು ಪತ್ರಿಕೆ ಓದುತ್ತಿದ್ದ, ಹುಬ್ಬಳ್ಳಿಯ ರೈಲ್ವೆ ವರ್ಕ್‌ಶಾಪಿನಿಂದ ನಿವೃತ್ತರಾದ ಒಬ್ಬ ಕಥೋಲಿಕ ಹಿರಿಯರು ಬಿಡಿಸಿ ಹೇಳಿದರು: ರಾಯಪ್ಪ ಎಂದರೆ ಸಂತ ಪೇತ್ರ, ಚಿನ್ನಪ್ಪ ಎಂದರೆ ಪೌಲ, ಅರುಳಪ್ಪ ಎಂದರೆ ಯೊವಾನ್ನ, ಇನ್ನಾಸಪ್ಪ ಎಂದರೆ ಇಗ್ನಾಸಿಯುಸ್. ತಮಿಳು ನಾಡಿನಲ್ಲಿ ರೂಪುಗೊಂಡು, ಮೈಸೂರು ಸೀಮೆಯ ಹಳ್ಳಿಗಳನ್ನು ಹಾದು, ರೈಲಿನ ಕೆಲಸಕ್ಕೆ ಬಂದ ಕುಟುಂಬಗಳ ಜೊತೆ ಹುಬ್ಬಳ್ಳಿಗೂ ಬಂದ ಹೆಸರುಗಳು ಇವು ಎಂದು ಅವರು ವಿವರಿಸಿದರು. ಲ್ಯಾಟಿನ್ನಿನಲ್ಲಿದ್ದ ಪೂಜೆ ಕನ್ನಡಕ್ಕೆ ಬಂದ ದಿನಗಳನ್ನೂ ಅವರು ನೆನೆದರು. ಕಥೋಲಿಕ ಬಿಷಪ್ಪರ ಎರಡನೆಯ ವ್ಯಾಟಿಕನ್ ಮಹಾಸಭೆ 1963ರ ಡಿಸೆಂಬರಿನಲ್ಲಿ ಆರಾಧನೆಯಲ್ಲಿ ದೇಶಭಾಷೆಗಳಿಗೆ ದಾರಿ ಮಾಡಿಕೊಟ್ಟ ಮೇಲಿನ ಮಾತು ಅದು. ಅವರ ತಾಯಿಗೆ ಓದು ಬರೆಹ ಬರುತ್ತಿರಲಿಲ್ಲವಂತೆ. ಮೊದಲ ಸಲ ಕನ್ನಡದಲ್ಲಿ ಪೂಜೆ ಕೇಳಿದ ದಿನ ಮನೆಗೆ ಬಂದು, ಸ್ವಾಮಿಗಳು ಇಷ್ಟು ದಿನ ಇದನ್ನೇ ಹೇಳುತ್ತಿದ್ದರೇ ಎಂದು ಅತ್ತರಂತೆ.

ಈ ಭಾಗದ ಚರಿತ್ರೆಗೆ ಸೇರಿದ ಪುಸ್ತಕಗಳು ಕಡಿಮೆ, ಇರುವಷ್ಟು ಮಾತ್ರ ಮೌಲಿಕವಾಗಿವೆ. ಗೋವೆಯ ಬ್ರಾಹ್ಮಣ ಕುಟುಂಬದ ಮತೆಯುಸ್ ಡಿ ಕಾಸ್ಟ್ರೊ ಎಂಬವರನ್ನು ರೋಮ್ 1637ರಲ್ಲಿ ಬಿಷಪ್ಪರನ್ನಾಗಿ ಮಾಡಿ ಬಿಜಾಪುರದ ಆದಿಲಶಾಹಿ ಸೀಮೆಗೆ ನೇಮಿಸಿತು. ಗೋವೆಯ ಪೋರ್ಚುಗೀಸ್ ಧರ್ಮಾಧಿಕಾರಿಗಳು ಅವರನ್ನು ಒಪ್ಪಲಿಲ್ಲ. ಆಗ ಧಾರವಾಡವೂ ಆದಿಲಶಾಹಿಯ ಕೆಳಗೇ ಇತ್ತು ಎಂಬುದನ್ನು ನೆನೆದರೆ, ಈ ಜಗಳ ನಮ್ಮ ಮನೆಯ ಹಿತ್ತಲಿನದೇ. ಬೆಳಗಾವಿ ಜಿಲ್ಲೆಯ ದೇಶನೂರಿನಲ್ಲಿ ಜೆಸ್ವಿಟ್ ಪಾದ್ರಿ ಅರ್ಮಾಂಡೊ ಆಲ್ವಾರೆಸ್ ಕಾವಿ ಧರಿಸಿ, ಅನಿಮಾನಂದ ಸ್ವಾಮಿಯೆನಿಸಿಕೊಂಡು, ವಿರಕ್ತ ಮಠದ ರೀತಿಯಲ್ಲಿ ಬಾಳಿದ ಸಂಗತಿಯ ಕುರಿತ ಒಂದು ಸ್ಮರಣ ಸಂಚಿಕೆಯೂ ಅಲ್ಲಿತ್ತು. ಮಾರಾಟಕ್ಕಿಲ್ಲ, ಕುಳಿತು ಓದಬಹುದು.

ನನಗೆ ಎಲ್ಲಕ್ಕಿಂತ ಹತ್ತಿರವಾದದ್ದು ಜಾರ್ಜ್ ಮೊರಾಯೆಸ್ ಬರೆದು 1931ರಲ್ಲಿ ಪ್ರಕಟವಾದ ‘ಕದಂಬ ಕುಲ’. ಮೊರಾಯೆಸ್, ಮುಂಬಯಿಯ ಸಂತ ಕ್ಸೇವಿಯರ್ ಕಾಲೇಜಿನಲ್ಲಿ ಇತಿಹಾಸ ಕಲಿಸುತ್ತಿದ್ದ ಸ್ಪೇನಿನ ಜೆಸ್ವಿಟ್ ಹೆನ್ರಿ ಹೆರಾಸರ ಶಿಷ್ಯರು. ಹೆರಾಸರು ಸ್ವತಃ ವಿಜಯನಗರದ ಅರವೀಡು ವಂಶದ ಮೇಲೆ 1927ರಲ್ಲಿ ದೊಡ್ಡ ಗ್ರಂಥ ಬರೆದವರು. ಧರ್ಮ ಪ್ರಚಾರಕ್ಕೆಂದು ಕಡಲು ದಾಟಿ ಬಂದ ಸಭೆಯ ಒಬ್ಬ ಗುರು ತನ್ನ ಶಿಷ್ಯನನ್ನು ಬನವಾಸಿ ಮತ್ತು ಹಾನಗಲ್ಲಿನ ಶಾಸನಗಳ ಕಡೆಗೆ ತಿರುಗಿಸಿದರು. ನಾನು ದಿನಾ ಶಾಲೆಗೆ ಹೋಗುವ ದಾರಿಯಲ್ಲಿರುವ ತಾರಕೇಶ್ವರ ಗುಡಿಯ ಊರನ್ನು ಆ ಪುಟಗಳಲ್ಲಿ ಕಂಡಾಗ, ಹುಡುಗಿಯ ಪ್ರಶ್ನೆಗೆ ಒಂದು ಉತ್ತರ ಸಿಕ್ಕಿತೆನಿಸಿತು.

ಬೈಂಡಿಂಗ್ ಕೆಲಸದ ಬಗ್ಗೆ ಇಷ್ಟೇ ಸಮಾಧಾನದಿಂದ ಬರೆಯಲಾರೆ. ಕ್ರಿಸ್ತಪುರಾಣದ, 1907ರಲ್ಲಿ ಮಂಗಳೂರಿನಲ್ಲಿ ರೋಮನ್ ಲಿಪಿಯಲ್ಲಿ ಅಚ್ಚಾದ ಆವೃತ್ತಿಯ ಝೆರಾಕ್ಸ್ ಮಾಡಿಸಿದೆ. ಹೊಲಿಗೆ ಗಟ್ಟಿ, ಕ್ಯಾಲಿಕೊ ಬಟ್ಟೆಯ ಬೆನ್ನು ಚೆಂದ; ಆದರೆ ಅಂಚು ಕತ್ತರಿಸುವಾಗ ಮೂವತ್ತಕ್ಕೂ ಹೆಚ್ಚು ಪುಟಗಳಲ್ಲಿ ಓವಿಯ ಅಂಕಿಗಳೇ ಹಾರಿಹೋಗಿವೆ. ಅಂಕಿ ಇಲ್ಲದ ಪುರಾಣದಲ್ಲಿ ಒಂದು ಓವಿಯನ್ನು ಮತ್ತೆ ಹುಡುಕುವುದು ಎಷ್ಟು ಕಷ್ಟವೆಂದು ಓದುವವರಿಗೆ ಗೊತ್ತು. ತೋರಿಸಿದಾಗ ತಪ್ಪು ಒಪ್ಪಿ, ಆ ಪುಟಗಳನ್ನು ಮತ್ತೆ ತೆಗೆದುಕೊಡುವುದಾಗಿ ಹೇಳಿದರು, ಹಣ ಕೇಳಲಿಲ್ಲ. ಆದರೆ ಎರಡು ವಾರ ಎಂದದ್ದು ಏಳು ವಾರ ಆಯಿತು. ಝೆರಾಕ್ಸಿಗೆ ಕೊಡುವವರು ಅಂಚು ಕತ್ತರಿಸಬೇಡಿರೆಂದು ಚೀಟಿಯಲ್ಲಿ ಬರೆದೇ ಕೊಡಬೇಕು. ಬೆಲೆಗಳಲ್ಲೂ ಒಂದು ಕ್ರಮ ಬೇಕು: ಕೆಲವು ಪುಸ್ತಕಗಳ ಹಿಂಬದಿ ಪೆನ್ಸಿಲ್ಲಿನಲ್ಲಿ ಬೆಲೆ ಇದೆ, ಕೆಲವಕ್ಕೆ ಇಲ್ಲ, ಇಲ್ಲದವಕ್ಕೆ ಅಂದಂದಿನ ಬೆಲೆ.

ಅಂಗಡಿ ಸೋಮವಾರ ಮುಚ್ಚಿರುತ್ತದೆ, ಉಳಿದ ದಿನ ಹನ್ನೊಂದರಿಂದ ಏಳರವರೆಗೆ. ಮಧ್ಯಾಹ್ನ ಊಟಕ್ಕೆ ಒಂದು ಗಂಟೆ ಬಾಗಿಲು ಹಾಕುತ್ತಾರೆ. ಮೆಟ್ಟಿಲು ಕಡಿದಾಗಿದೆ, ವಯಸ್ಸಾದವರು ಕೆಳಗಿನ ಪಾತ್ರೆ ಅಂಗಡಿಯಲ್ಲಿ ಹೇಳಿ ಕಳಿಸಿದರೆ ಬೇಕಾದ ಪುಸ್ತಕವನ್ನು ಕೆಳಗೇ ತಂದುಕೊಡುತ್ತಾರೆ. ಹೋದ ಶನಿವಾರ ನಾನು ಹೋದಾಗ ಸ್ಟೀಫನ್ಸರ ವ್ಯಾಕರಣ ಮರಾಠಿ ಮತ್ತು ಕೊಂಕಣಿಯ ಸಾಲಿಗೆ ಸರಿದಿತ್ತು. ಎದುರಿಗಿದ್ದ ಹಳೆಯ ಚೀಟಿಯಲ್ಲಿ ‘ಕನ್ನಡದ’ ಎಂಬುದರ ಮೇಲೆ ಒಂದು ಗೆರೆ ಎಳೆದು, ಕೆಂಪು ಶಾಯಿಯಲ್ಲಿ ‘ಕೊಂಕಣಿಯ’ ಎಂದು ಬರೆದಿದ್ದರು.