ಕಿಂಕ್ಸ್ ಮತ್ತು ದಿ ಹೂ: ದನಿ ಏರಿಸಿ, ತಗ್ಗಿಸಿ ಕೇಳಿದಾಗ

ಅರವತ್ತರ ದಶಕದ ಬ್ರಿಟಿಷ್ ರಾಕ್ ಎಂದ ಕೂಡಲೇ ಬೀಟಲ್ಸ್ ಮೇಲೋ ರೋಲಿಂಗ್ ಸ್ಟೋನ್ಸ್ ಮೇಲೋ ಎಂಬ ಜಗಳ ಶುರುವಾಗುತ್ತದೆ. ನನಗೆ ಅದಕ್ಕಿಂತ ರುಚಿಸುವುದು ಲಂಡನ್ನಿನ ಇನ್ನೆರಡು ತಂಡಗಳ ಪೈಪೋಟಿ: ದಿ ಕಿಂಕ್ಸ್ ಮತ್ತು ದಿ ಹೂ. ಆರಂಭದಲ್ಲಿ ಎರಡಕ್ಕೂ ನಿರ್ಮಾಪಕ ಒಬ್ಬನೇ, ಶೆಲ್ ಟಾಲ್ಮಿ.

ಕಿಂಕ್ಸ್‌ನ 1964ರ ‘ಯು ರಿಯಲಿ ಗಾಟ್ ಮಿ’ ಮತ್ತು ದಿ ಹೂನ 1965ರ ‘ಐ ಕಾಂಟ್ ಎಕ್ಸ್‌ಪ್ಲೇನ್’ ಹಾಡುಗಳನ್ನು ಒಂದರ ಬೆನ್ನಿಗೆ ಒಂದು ಹಾಕಿ ಕೇಳಿದೆ. ಗಿಟಾರನ್ನು ಕಡಿದು ಕಡಿದು ಬಾರಿಸುವ ರೀತಿ ಒಂದೇ. ದಿ ಹೂನ ಗಿಟಾರ್ ವಾದಕ ಪೀಟ್ ಟೌನ್‌ಶೆಂಡ್ ಕಿಂಕ್ಸ್ ಧಾಟಿಯನ್ನೇ ಹಿಡಿದಿದ್ದ ಎಂಬುದು ಗುಟ್ಟೇನಲ್ಲ. ಆದರೆ ಮೊದಲನೆಯದರಲ್ಲಿ ಗಿಟಾರಿನ ದನಿಯೇ ಹರಕು. ಕಿಂಕ್ಸ್‌ನ ಗಿಟಾರ್ ವಾದಕ ಡೇವ್ ಡೇವಿಸ್ ತನ್ನ ಪುಟ್ಟ ಆಂಪ್ಲಿಫೈಯರಿನ ಸ್ಪೀಕರನ್ನು ಬ್ಲೇಡಿನಿಂದ ಸೀಳಿ ಪಡೆದ ದನಿ ಅದು. ಎರಡನೆಯದರಲ್ಲಿ ಕಿವಿ ಕೀತ್ ಮೂನ್‌ನ ಡ್ರಮ್ ಕಡೆಗೇ ಓಡುತ್ತದೆ.

ತಾಳ ಹಿಡಿದು ಕೂರುವ ಜಾಯಮಾನ ಮೂನ್‌ನದಲ್ಲ. ಕಛೇರಿಯುದ್ದಕ್ಕೂ ತನಿ ಆವರ್ತನವೇ ನಡೆದಂತೆ ಬಾರಿಸುತ್ತಾನೆ. ಲಯ ಕಾಯುವ ಕೆಲಸ ಟೌನ್‌ಶೆಂಡ್‌ನ ಗಿಟಾರಿನ ಪಾಲಿಗೆ ಬರುತ್ತದೆ. ‘ಮೈ ಜನರೇಷನ್’ನಲ್ಲಂತೂ ಬಿಡಿಯಾಗಿ ಮೆರೆಯುವುದು ಜಾನ್ ಎಂಟ್ವಿಸಲ್‌ನ ಬೇಸ್ ಗಿಟಾರ್. ಇದೆಲ್ಲ ಮೈಗೆ ತಟ್ಟಬೇಕಾದರೆ ದನಿ ಏರಿಸಲೇಬೇಕು. ರಾತ್ರಿ ಪಕ್ಕದ ಮನೆಯವರಿಗೆ ಹೆದರಿ ತಗ್ಗಿಸಿದೆನೋ, 1970ರ ‘ಲೈವ್ ಅಟ್ ಲೀಡ್ಸ್’ನಂಥ ಅಬ್ಬರದ ಆಲ್ಬಂ ಕೂಡ ಗೋಡೆಯಾಚೆಯ ಗಲಾಟೆಯಷ್ಟೇ.

ಕಿಂಕ್ಸ್ ಇದಕ್ಕೆ ತದ್ವಿರುದ್ಧ. 1965ರಿಂದ ಸುಮಾರು ನಾಲ್ಕು ವರ್ಷ ಅಮೆರಿಕದ ಸಂಗೀತಗಾರರ ಒಕ್ಕೂಟ ಅವರಿಗೆ ಅಲ್ಲಿ ಕಾರ್ಯಕ್ರಮ ಕೊಡಲು ಅನುಮತಿ ನೀಡಲಿಲ್ಲ. ಆ ಹೊತ್ತಿನಲ್ಲೇ ತಂಡಕ್ಕೆ ಹಾಡು ಬರೆದು ಹಾಡುತ್ತಿದ್ದ ರೇ ಡೇವಿಸ್ ತನ್ನೂರಿನ ಬೀದಿಗಳತ್ತ, ಸಾಮಾನ್ಯರ ಸಣ್ಣಪುಟ್ಟ ಬದುಕಿನತ್ತ ಹೊರಳಿದ. 1967ರ ‘ವಾಟರ್‌ಲೂ ಸನ್‌ಸೆಟ್’ನಲ್ಲಿ ಒಬ್ಬ ಕಿಟಕಿಯ ಬಳಿ ನಿಂತು ಜನರನ್ನು ನೋಡುತ್ತಾನೆ, ಅಷ್ಟೇ ಕಥೆ. ರೇ ಎಲ್ಲಿಯೂ ಕೂಗುವುದಿಲ್ಲ. ದನಿ ತಗ್ಗಿಸಿದಷ್ಟೂ ಮಾತು ಹತ್ತಿರವಾಗುತ್ತದೆ. ಮಾರುಕಟ್ಟೆ ಮಾತ್ರ ಇದಕ್ಕೆ ಒಲಿಯಲಿಲ್ಲ. 1968ರ ‘ವಿಲೇಜ್ ಗ್ರೀನ್’ ಆಲ್ಬಂ ನೆಲಕಚ್ಚಿತು; ಮರುವರ್ಷ ದಿ ಹೂ ‘ಟಾಮಿ’ ಆಲ್ಬಂನಿಂದ ಎಲ್ಲಿಗೋ ಏರಿತು. ವೇದಿಕೆಯ ಮುಂದೆ ನಿಲ್ಲುವುದಾದರೆ ನನ್ನ ಆಯ್ಕೆಯೂ ದಿ ಹೂ. ಮನೆಯಲ್ಲಿ ಮತ್ತೆ ಮತ್ತೆ ಹಾಕುವುದು ಕಿಂಕ್ಸ್.

ಇಬ್ಬರನ್ನೂ ಕೇಳಿಲ್ಲದವರು ಕಿಂಕ್ಸ್‌ನ ‘ಸೀ ಮೈ ಫ್ರೆಂಡ್ಸ್’ನಿಂದ ತೊಡಗಬಹುದು. ಆಸ್ಟ್ರೇಲಿಯಾಕ್ಕೆ ಹೋಗುವ ದಾರಿಯಲ್ಲಿ ಮುಂಬೈಯಲ್ಲಿ ತಂಗಿದ್ದ ರೇ, ಬೆಳಗಿನ ಜಾವ ಕೇಳಿದ ಮೀನುಗಾರರ ಹಾಡಿನಿಂದ ಹುಟ್ಟಿದ್ದು ಅದು. ಬೀಟಲ್ಸ್ ಸಿತಾರ್ ಹಿಡಿಯುವ ಮೊದಲೇ, 1965ರ ಜುಲೈಯಲ್ಲಿ ಬಂತು. ಸಿತಾರಿಲ್ಲ, ತಂಬೂರಿಯಿಲ್ಲ, ಗಿಟಾರಿನಿಂದಲೇ ಶ್ರುತಿ ಹಿಡಿದಿದ್ದಾರೆ.