ಶಾಸನ ಚಿತ್ರೀಕರಣಕ್ಕೆ ಬಾಡಿಗೆ ದೀಪ

ಮಸ್ಕಿಯ ಅಶೋಕ ಶಾಸನದ ಸಾಕ್ಷ್ಯಚಿತ್ರಕ್ಕಾಗಿ ಹೊಸಪೇಟೆಯ ಅಂಗಡಿಯೊಂದರಿಂದ ಪುಸ್ತಕದಗಲದ ಎಲ್‌ಇಡಿ ದೀಪವನ್ನು ಬಾಡಿಗೆಗೆ ತಂದಿದ್ದೆ. ಕಲ್ಬರಹಕ್ಕೆ ಎದುರಿನಿಂದ ಬೆಳಕು ಬಿಟ್ಟರೆ ಅಕ್ಷರಗಳು ಬಂಡೆಯಲ್ಲೇ ಕರಗಿಹೋಗುತ್ತವೆ. ದೀಪವನ್ನು ಪಕ್ಕದಿಂದ, ಬಂಡೆಯ ಮೈಗೆ ಸವರುವಂತೆ ಹಿಡಿದಾಗ ಕೊರೆದ ಗೆರೆಗಳಲ್ಲಿ ನೆರಳು ತುಂಬಿ ಬ್ರಾಹ್ಮಿ ಲಿಪಿ ಎದ್ದು ಕಾಣುತ್ತದೆ. 1915ರಲ್ಲಿ ಪತ್ತೆಯಾದ ಈ ಶಾಸನದಲ್ಲೇ ಅಲ್ಲವೇ, ‘ದೇವಾನಾಂಪ್ರಿಯ’ ಎಂಬ ಬಿರುದಿನ ಜೊತೆ ಅಶೋಕನ ಹೆಸರು ಮೊದಲ ಬಾರಿಗೆ ಸಿಕ್ಕಿದ್ದು! ಆ ಹೆಸರೇ ಪರದೆಯ ಮೇಲೆ ಓದಲು ಬಾರದಿದ್ದರೆ ಚಿತ್ರ ಮಾಡಿ ಫಲವೇನು?

ಈ ದೀಪ ಅಲ್ಲಿ ಗೆದ್ದಿತು. ಬೆಳಕನ್ನು ಬೇಕಾದಷ್ಟು ತಗ್ಗಿಸಬಹುದು, ಕಲ್ಲಿನ ಬಣ್ಣವೂ ಕೆಡುವುದಿಲ್ಲ. ಆದರೆ ಪೂರ್ಣ ಬೆಳಕಿನಲ್ಲಿ ಒಳಗಿನ ಫ್ಯಾನ್ ಗುಂಯ್‌ಗುಡುತ್ತದೆ, ಮೈಕ್ ಅದನ್ನು ಬಿಡದೆ ಹಿಡಿಯುತ್ತದೆ. ಸಂದರ್ಶನಕ್ಕೆ ಇದನ್ನು ಖಂಡಿತ ಒಯ್ಯಬೇಡಿ. ಅಂಗಡಿಯವರು ಕೇಳದೆಯೇ ಇನ್ನೊಂದು ಬ್ಯಾಟರಿ ಕೊಟ್ಟರು. ಬೆಟ್ಟದ ಮೇಲೆ ಅದೇ ಕೈಹಿಡಿಯಿತು. ದೀಪ ಕಾಯ್ದಿರಿಸುವ ಮೊದಲು ಭಾರತೀಯ ಪುರಾತತ್ವ ಸರ್ವೇಕ್ಷಣದ ಚಿತ್ರೀಕರಣ ಅನುಮತಿ ನಿಮ್ಮ ಕೈಯಲ್ಲಿರಲಿ. ಬಾಡಿಗೆ ನ್ಯಾಯವಾಗಿಯೇ ಇದೆ.